ಲೋನ್ ಆ್ಯಪ್ ಸಾಲದಲ್ಲಿ ಸಿಕ್ಕಿಕೊಂಡ ಶಿಕ್ಷಕರಿಗೆ: ಹೊರಬರುವ ದಾರಿ, ತರಗತಿ ಉಳಿಸಿಕೊಳ್ಳುವ ದಾರಿ

ಒಬ್ಬ ಶಿಕ್ಷಕರ ಫೋನಿನಲ್ಲಿ ಏನೇನಿರುತ್ತದೆ ನೋಡಿ. 'ಕಾವ್ಯ ಅಮ್ಮ 5ನೇ ಕ್ಲಾಸ್', 'ಪ್ರಜ್ವಲ್ ಅಪ್ಪ ಆಟೊ' ಅಂತ ಸೇವ್ ಮಾಡಿದ ನೂರಾರು ನಂಬರು. ಎಸ್‌ಡಿಎಂಸಿ (ಶಾಲಾಭಿವೃದ್ಧಿ ಸಮಿತಿ) ಅಧ್ಯಕ್ಷರು, ಸಿಆರ್‌ಪಿ, ಬಿಇಒ ಕಚೇರಿ, ಬಿಸಿಯೂಟದ ಅಕ್ಕ. ಮೂರು ನಾಲ್ಕು ಕ್ಲಾಸ್ ಗ್ರೂಪು. ಗ್ಯಾಲರಿ ತುಂಬ ಪ್ರತಿಭಾ ಕಾರಂಜಿಯ ಫೋಟೊ. ಚಿನ್ನ ಬೇಡ, ಜಾಮೀನು ಬೇಡ, ಸ್ಯಾಲರಿ ಸ್ಲಿಪ್ ಕೂಡ ಬೇಡ, ಐದು ನಿಮಿಷದಲ್ಲಿ ದುಡ್ಡು ಅಂತ ಕರೆಯುವ ಆ್ಯಪ್ ಅಡ ಇಟ್ಟುಕೊಳ್ಳುವುದು ಇದನ್ನೇ.

ಕಂತು ಒಂದು ದಿನ ತಪ್ಪಿದರೆ ಫೋನು ಶುರುವಾಗುತ್ತದೆ. ಎರಡನೇ ದಿನ ಬೈಗುಳ. ಮೂರನೇ ದಿನ ನಿಮ್ಮ ಫೋಟೊ ತಿರುಚಿ, 'ಈಕೆ ಕಳ್ಳಿ' ಅಂತ ಬರೆದು ಪೋಷಕರಿಗೆ ಕಳಿಸುತ್ತಾರೆ. ಬೇರೆ ಕೆಲಸದವರಿಗೂ ಇದು ಅವಮಾನವೇ. ಆದರೆ ಶಿಕ್ಷಕರು ಮರುದಿನ ಬೆಳಿಗ್ಗೆ ಪ್ರಾರ್ಥನೆಯ ಹೊತ್ತಿಗೆ ಅದೇ ಪೋಷಕರ ಮಕ್ಕಳ ಎದುರು ನಿಲ್ಲಬೇಕು. ಅದಕ್ಕೇ ಅವರು ಯಾರಿಗೂ ಹೇಳುವುದಿಲ್ಲ. ಮನೆಯಲ್ಲಿ ಹೇಳುವುದಿಲ್ಲ, ಸ್ಟಾಫ್ ರೂಮಿನಲ್ಲಿ ಹೇಳುವುದಿಲ್ಲ. ಒಂದು ಆ್ಯಪ್ ಬಾಯಿ ಮುಚ್ಚಿಸಲು ಇನ್ನೊಂದು ಆ್ಯಪ್‌ನಲ್ಲಿ ಸಾಲ ಮಾಡುತ್ತಾರೆ.

ಈ ಬರಹ ಅಂಥವರಿಗೆ. ಅವರ ಪಕ್ಕದ ಕುರ್ಚಿಯಲ್ಲಿ ಕೂರುವ ಸಹೋದ್ಯೋಗಿಗಳಿಗೂ, ಮುಖ್ಯ ಶಿಕ್ಷಕರಿಗೂ. ನಾನು ಗಟ್ಟಿಯಾಗಿ ನಂಬಿರುವುದು ಇಷ್ಟು: ಈ ಜನರ ಹತ್ತಿರ ಇರುವ ಆಯುಧ ನಿಮ್ಮ ಗುಟ್ಟು ಒಂದೇ. ಅದನ್ನು ಸರಿಯಾದವರ ಮುಂದೆ ನೀವೇ ಮೊದಲು ಬಿಚ್ಚಿಟ್ಟರೆ, ಉಳಿಯುವುದು ಬರೀ ಸಾಲ. ಸಾಲವನ್ನು ತೀರಿಸಬಹುದು.

ಯಾಕೆ ಸಿಕ್ಕಿಕೊಳ್ಳುತ್ತೇವೆ

ಖರ್ಚು ಮಾಡಿ ಹಾಳಾದರು ಅಂತ ಸುಲಭವಾಗಿ ಹೇಳುತ್ತಾರೆ. ಅದು ನಿಜವಲ್ಲ. ಅತಿಥಿ ಶಿಕ್ಷಕರ ಗೌರವಧನ ತಿಂಗಳಿಗೆ ಸರಿಯಾಗಿ ಬರುವುದು ಅಪರೂಪ. ಬೇಸಿಗೆ ರಜೆಯಲ್ಲಿ ಅದೂ ಇಲ್ಲ. ಅನುದಾನವಿಲ್ಲದ ಖಾಸಗಿ ಶಾಲೆಗಳವರು 2020ರ ಮಾರ್ಚ್‌ನಲ್ಲಿ ಶಾಲೆ ಮುಚ್ಚಿದಾಗ ಅರ್ಧ ಸಂಬಳಕ್ಕೆ ಇಳಿದರು, ಎಷ್ಟೋ ಜನಕ್ಕೆ ಅದೂ ಸಿಗಲಿಲ್ಲ. ಆಗ ಮಾಡಿದ ಕೈಸಾಲದ ಬಾಲ ಇನ್ನೂ ಕೆಲವರನ್ನು ಬಿಟ್ಟಿಲ್ಲ. ಸರ್ಕಾರಿ ಶಿಕ್ಷಕರಿಗೆ ಸಂಬಳ ಚೆನ್ನಾಗಿದೆ, ಆದರೆ ಮನೆ ಸಾಲ, ಸೊಸೈಟಿ ಸಾಲ, ಚೀಟಿ ಎಲ್ಲ ಕಳೆದು ಕೈಗೆ ಬರುವುದು ಸ್ವಲ್ಪ. ನಡುವೆ ಅಪ್ಪನಿಗೆ ಆಪರೇಷನ್ ಅಂದರೆ ಎಲ್ಲಿಗೆ ಹೋಗಬೇಕು? ನಾಲ್ಕು ಜನಕ್ಕೆ ಬುದ್ಧಿ ಹೇಳುವ ಮೇಷ್ಟ್ರು ಊರಲ್ಲಿ ಕೈ ಚಾಚಲು ನಾಚುತ್ತಾರೆ. ಫೋನಿನಲ್ಲಾದರೆ ಯಾರಿಗೂ ಗೊತ್ತಾಗುವುದಿಲ್ಲ ಅಂದುಕೊಳ್ಳುತ್ತಾರೆ.

ಇದು ನಮ್ಮ ರಾಜ್ಯದ ಕಥೆ ಮಾತ್ರ ಅಲ್ಲ. 2021ರಲ್ಲಿ ಇಂಡೋನೇಷ್ಯಾದ ಮಲಾಂಗ್‌ನಲ್ಲಿ ಶಿಶುವಿಹಾರದ ಶಿಕ್ಷಕಿಯೊಬ್ಬರು ಸುದ್ದಿಯಾದರು. ಕೆಲಸ ಉಳಿಸಿಕೊಳ್ಳಲು ಪದವಿ ಬೇಕಿತ್ತು. ಅದರ ಫೀಸಿಗೆ ಆನ್‌ಲೈನ್ ಸಾಲ ಮಾಡಿದರು. ಒಂದನ್ನು ತೀರಿಸಲು ಇನ್ನೊಂದು ಮಾಡುತ್ತಾ 24 ಆ್ಯಪ್‌ಗಳವರೆಗೆ ಹೋಯಿತು. ವಸೂಲಿಯವರ ಕಾಟ ಶಾಲೆಯವರೆಗೂ ಬಂದಾಗ ಶಾಲೆ ಅವರನ್ನೇ ಕೆಲಸದಿಂದ ತೆಗೆಯಿತು. ಯಾವ ಕೆಲಸ ಉಳಿಯಲಿ ಅಂತ ಸಾಲ ಮಾಡಿದರೋ ಅದೇ ಹೋಯಿತು. ನಮ್ಮ ಶಾಲೆಗಳು ಇಂಥ ಹೊತ್ತಲ್ಲಿ ಏನು ಮಾಡಬಾರದು ಅನ್ನುವುದಕ್ಕೆ ಇದನ್ನು ನೆನಪಿಡಬೇಕು.

ನಮ್ಮಲ್ಲೂ ಅದೇ ವರ್ಷ ರಿಸರ್ವ್ ಬ್ಯಾಂಕಿನ ಸಮಿತಿಯೊಂದು ಲೆಕ್ಕ ಹಾಕಿತು. ಭಾರತದ ಆಂಡ್ರಾಯ್ಡ್ ಫೋನುಗಳಿಗೆ ಸಿಗುತ್ತಿದ್ದ ಸುಮಾರು 1,100 ಸಾಲದ ಆ್ಯಪ್‌ಗಳಲ್ಲಿ 600ರಷ್ಟು ಅಕ್ರಮವಾಗಿದ್ದವು. ಅರ್ಧಕ್ಕಿಂತ ಜಾಸ್ತಿ.

ಮೊದಲು ಮಾಡಬೇಕಾದ್ದು

ಬೆದರಿಕೆ ಆಗಲೇ ಶುರುವಾಗಿದ್ದರೆ ಈ ಭಾಗ ಬಿಟ್ಟು, ಮುಂದಿನ 'ಫೋನ್ ಭದ್ರ ಮಾಡಿ' ಭಾಗಕ್ಕೆ ಹೋಗಿ. ಇನ್ನೂ ಸ್ವಲ್ಪ ಸಮಯ ಇದ್ದರೆ ಇಲ್ಲಿಂದ ಶುರು ಮಾಡಿ.

ಇವತ್ತಿನಿಂದ ಹೊಸ ಆ್ಯಪ್‌ನಲ್ಲಿ ಸಾಲ ತೆಗೆಯುವುದು ನಿಲ್ಲಬೇಕು. ನಾಳೆ ಕಂತು ಇದ್ದರೂ ಸರಿ, ಆಕಾಶ ಬಿದ್ದರೂ ಸರಿ. ಯಾಕೆ ಅಂತ ಒಂದು ಲೆಕ್ಕ ನೋಡಿ. 5,000 ರೂಪಾಯಿ ಸಾಲ ಅಂತಾರೆ. ಪ್ರೋಸೆಸಿಂಗ್ ಫೀ, ಅದು ಇದು ಅಂತ 1,800 ಮುರಿದುಕೊಂಡು ಕೈಗೆ 3,200 ಕೊಡುತ್ತಾರೆ. ಏಳು ದಿನಕ್ಕೆ 5,000 ವಾಪಸ್ ಕಟ್ಟಬೇಕು. ಅಂದರೆ ವಾರಕ್ಕೆ ನೂರಕ್ಕೆ 56 ರೂಪಾಯಿ ಬಡ್ಡಿ. ಊರಿನ ಮೀಟರ್ ಬಡ್ಡಿಯವರೂ ಇಷ್ಟು ಕೇಳುವುದಿಲ್ಲ. ಆ 5,000 ಕಟ್ಟಲು ಇನ್ನೊಂದು ಆ್ಯಪ್‌ನಲ್ಲಿ 8,000 ತೆಗೆದರೆ ಅಲ್ಲೂ ಮುರಿದುಕೊಂಡೇ ಕೊಡುತ್ತಾರೆ. ಹೀಗೆ ನಿಜವಾಗಿ ಕೈಗೆ ಬಂದ ದುಡ್ಡು ಚೂರು, ಕಟ್ಟಬೇಕಾದ್ದು ಮಾತ್ರ ಬೆಳೆಯುತ್ತಾ ಹೋಗುತ್ತದೆ.

ಆಮೇಲೆ ಒಂದು ನೋಟ್‌ಬುಕ್ ತೆಗೆದುಕೊಳ್ಳಿ. ಬ್ಯಾಂಕ್ ಪಾಸ್‌ಬುಕ್ಕಿನ ಎಂಟ್ರಿ ಎದುರಿಗಿಟ್ಟುಕೊಂಡು ಬರೆಯಿರಿ: ಯಾವ ಆ್ಯಪ್, ಯಾವ ತಾರೀಕು, ಕಾಗದದ ಮೇಲೆ ಎಷ್ಟು ಸಾಲ, ಖಾತೆಗೆ ನಿಜವಾಗಿ ಬಂದದ್ದು ಎಷ್ಟು, ದುಡ್ಡು ಹಾಕಿದ ಖಾತೆ ಯಾರ ಹೆಸರಿನಲ್ಲಿದೆ, ಈವರೆಗೆ ಕಟ್ಟಿದ್ದು ಎಷ್ಟು. ಬಂದದ್ದಕ್ಕಿಂತ ಜಾಸ್ತಿ ಆಗಲೇ ಕಟ್ಟಿಬಿಟ್ಟಿದ್ದೀರಿ ಅಂತ ಕೆಲವು ಸಾಲಿನಲ್ಲಿ ಕಾಣುತ್ತದೆ. ಈ ಒಂದು ಪುಟ ಮುಂದೆ ಪೊಲೀಸ್ ಠಾಣೆಯಲ್ಲೂ ವಕೀಲರ ಹತ್ತಿರವೂ ಕೆಲಸಕ್ಕೆ ಬರುತ್ತದೆ.

ಈಗ ಸಾಲಗಳನ್ನು ಎರಡು ಗುಂಪು ಮಾಡಿ. ಆ್ಯಪ್ ಹೆಸರು ಮುಖ್ಯ ಅಲ್ಲ. ಅದರ ಹಿಂದೆ ಸಾಲ ಕೊಟ್ಟ ಬ್ಯಾಂಕ್ ಅಥವಾ ಎನ್‌ಬಿಎಫ್‌ಸಿ (ಬ್ಯಾಂಕಲ್ಲದ ಹಣಕಾಸು ಕಂಪನಿ) ಯಾವುದು ಅನ್ನುವುದು ಮುಖ್ಯ. ಸಾಲದ ಒಪ್ಪಂದದಲ್ಲಿ ಆ ಹೆಸರು ಇರಲೇಬೇಕು. ರಿಸರ್ವ್ ಬ್ಯಾಂಕಿನ ಜಾಲತಾಣದಲ್ಲಿ ನೋಂದಣಿಯಾದ ಎನ್‌ಬಿಎಫ್‌ಸಿಗಳ ಪಟ್ಟಿ ಇದೆ. 2025ರ ಜುಲೈನಿಂದ, ಅವು ಬಳಸುವ ಆ್ಯಪ್‌ಗಳ ಪಟ್ಟಿಯನ್ನೂ ಅಲ್ಲೇ ಹಾಕಿದ್ದಾರೆ. ಎರಡರಲ್ಲೂ ಹುಡುಕಿ.

ಬೇಗ ಗುರುತು ಹಿಡಿಯಲು ಇನ್ನೂ ಕೆಲವು ದಾರಿ ಇವೆ. ಸಾಲ ಪೂರ್ತಿ ತೀರಿಸಲು 60 ದಿನ ಅಥವಾ ಅದಕ್ಕಿಂತ ಕಡಿಮೆ ಕೊಡುವ ಆ್ಯಪ್‌ಗೆ ಗೂಗಲ್ ಪ್ಲೇ ನಿಯಮದಲ್ಲೇ ಜಾಗವಿಲ್ಲ. ಹಾಗಾಗಿ ಏಳು ದಿನ, ಹದಿನಾಲ್ಕು ದಿನದ ಸಾಲ ಅಂದ ಕೂಡಲೇ ಅನುಮಾನ ಪಡಿ. ವಾಟ್ಸ್‌ಆ್ಯಪ್‌ನಲ್ಲಿ ಕಳಿಸಿದ ಲಿಂಕ್‌ನಿಂದ ಇಳಿಸಿಕೊಂಡ ಆ್ಯಪ್ ಆದರೆ ಇನ್ನೂ ಜಾಸ್ತಿ ಅನುಮಾನ ಪಡಿ. ಸಾಲ ಕೊಡುವ ಮೊದಲು ಒಟ್ಟು ವೆಚ್ಚ, ವಾರ್ಷಿಕ ದರ ಎಲ್ಲ ಬರೆದ 'ಕೀ ಫ್ಯಾಕ್ಟ್ ಸ್ಟೇಟ್‌ಮೆಂಟ್' ಕೊಡಬೇಕು ಅಂತ ರಿಸರ್ವ್ ಬ್ಯಾಂಕಿನ ನಿಯಮ ಇದೆ. ಕೊಟ್ಟಿದ್ದಾರಾ? ಕಂತು ಕಟ್ಟಿ ಅಂತ ಯಾರದೋ ಸ್ವಂತ ಯುಪಿಐ ಐಡಿ ಕಳಿಸುತ್ತಿದ್ದಾರಾ? ಸಾಲದ ಹಣ ನೇರ ನಿಮ್ಮ ಖಾತೆಗೆ ಬರಬೇಕು, ಕಂತು ನೇರ ಸಾಲ ಕೊಟ್ಟ ಸಂಸ್ಥೆಯ ಖಾತೆಗೆ ಹೋಗಬೇಕು. ನಡುವೆ ಬೇರೆಯವರ ಖಾತೆ ಬರುವ ಹಾಗಿಲ್ಲ.

ನೋಂದಣಿ ಇರುವ ಸಂಸ್ಥೆಯ ಸಾಲ ಸಾಲವೇ. ಅದನ್ನು ಕಟ್ಟಬೇಕು. ಕಟ್ಟಲು ಆಗದಿದ್ದರೆ ಅವರ ದೂರು ಅಧಿಕಾರಿಗೆ ಇಮೇಲ್ ಬರೆದು ಕಂತು ಕಡಿಮೆ ಮಾಡಿ, ಅವಧಿ ಹೆಚ್ಚಿಸಿ ಅಂತ ಕೇಳಿ. ಬಾಯಿಮಾತಿನ ಒಪ್ಪಂದ ಬೇಡ. ಸಾಲ ತೆಗೆದದ್ದು ನಿನ್ನೆ ಮೊನ್ನೆ ಆಗಿದ್ದರೆ 'ಕೂಲಿಂಗ್ ಆಫ್' ಅವಧಿ ಇದೆಯಾ ನೋಡಿ. ಕಡಿಮೆ ಅಂದರೆ ಒಂದು ದಿನ ಇರಲೇಬೇಕು. ಆ ಅವಧಿಯೊಳಗೆ ಅಸಲು ಮತ್ತು ಅಷ್ಟು ದಿನದ ವೆಚ್ಚ ಕೊಟ್ಟು, ದಂಡ ಇಲ್ಲದೆ ಸಾಲ ಬಿಡಿಸಿಕೊಳ್ಳಬಹುದು.

ಅಕ್ರಮ ಆ್ಯಪ್‌ಗಳ ವಿಷಯ ಬೇರೆ. ಅಲ್ಲಿ ಹೆದರಿ ಕಟ್ಟಿದಷ್ಟೂ, 'ಇವರು ಹೆದರುತ್ತಾರೆ' ಅಂತ ಅವರಿಗೆ ಗೊತ್ತಾಗುತ್ತದೆ. ಮರುವಾರ ಇನ್ನೊಂದು ಹೆಸರಿನಲ್ಲಿ ಮತ್ತೆ ಕೇಳುತ್ತಾರೆ. ಕೇಳದೆಯೇ ಖಾತೆಗೆ ಎರಡು ಸಾವಿರ ಹಾಕಿ ಅದನ್ನೂ ಸಾಲ ಅಂತ ವಸೂಲಿ ಮಾಡುವುದಿದೆ. ಇಂಥವರಿಗೆ ಇನ್ನೊಂದು ರೂಪಾಯಿ ಕೊಡುವ ಮೊದಲು ದೂರು ಕೊಡಿ, ಸಲಹೆ ತೆಗೆದುಕೊಳ್ಳಿ.

ಫೋನ್ ಭದ್ರ ಮಾಡಿ

ಹೆದರಿಕೆಯಲ್ಲಿ ಎಲ್ಲರೂ ಮೊದಲು ಆ್ಯಪ್ ಅಳಿಸಿಬಿಡುತ್ತಾರೆ. ಸ್ವಲ್ಪ ತಾಳಿ. ಮೊದಲು ಸಾಕ್ಷಿ ತೆಗೆದಿಟ್ಟುಕೊಳ್ಳಿ. ಆ್ಯಪ್‌ನ ಹೆಸರು, ಸಾಲದ ಪುಟ, ಒಪ್ಪಂದ, ಬೆದರಿಕೆ ಮೆಸೇಜು, ಬಂದ ನಂಬರುಗಳು, ತಿರುಚಿದ ಫೋಟೊ, ಎಲ್ಲದರ ಸ್ಕ್ರೀನ್‌ಶಾಟ್ ಬೇಕು. ಪೋಷಕರಿಗೆ ಏನಾದರೂ ಹೋಗಿದ್ದರೆ ಅವರ ಫೋನಿನ ಸ್ಕ್ರೀನ್‌ಶಾಟ್ ಕೂಡ ಕೇಳಿ ಪಡೆಯಿರಿ. ಇವನ್ನೆಲ್ಲ ನಂಬುವ ಒಬ್ಬರ ಫೋನಿಗೂ ಕಳಿಸಿಡಿ.

ಆಮೇಲೆ ಸೆಟ್ಟಿಂಗ್ಸ್‌ಗೆ ಹೋಗಿ ಆ ಆ್ಯಪ್‌ಗೆ ಕೊಟ್ಟ ಕಾಂಟ್ಯಾಕ್ಟ್, ಗ್ಯಾಲರಿ, ಎಸ್‌ಎಂಎಸ್, ಲೊಕೇಷನ್ ಅನುಮತಿಗಳನ್ನು ತೆಗೆದುಹಾಕಿ. ನಂತರ ಅಳಿಸಿ. ಆಗಲೇ ಕದ್ದ ನಂಬರು ಇದರಿಂದ ವಾಪಸ್ ಬರುವುದಿಲ್ಲ, ಹೊಸತು ಹೋಗುವುದು ನಿಲ್ಲುತ್ತದೆ. ಯುಪಿಐ ಆ್ಯಪ್ ತೆರೆದು 'ಆಟೋಪೇ' ಪಟ್ಟಿ ನೋಡಿ, ಅಕ್ರಮ ಆ್ಯಪ್‌ಗೆ ಕೊಟ್ಟ ಒಪ್ಪಿಗೆ ಇದ್ದರೆ ರದ್ದು ಮಾಡಿ. ಬ್ಯಾಂಕಿಗೆ ಹೋಗಿ, ಖಾತೆಯಿಂದ ತಾನಾಗೇ ಕಡಿತವಾಗುವ ಬೇರೆ ಏನಾದರೂ ಇದೆಯಾ ಅಂತ ಕೇಳಿ. ಜಿಮೇಲ್ ಪಾಸ್‌ವರ್ಡ್ ಬದಲಿಸಿ. ವಾಟ್ಸ್‌ಆ್ಯಪ್ ಡಿಪಿ ಕಾಂಟ್ಯಾಕ್ಟ್‌ನವರಿಗೆ ಮಾತ್ರ ಕಾಣುವಂತೆ ಮಾಡಿ.

ಕ್ಲಾಸ್ ಗ್ರೂಪುಗಳನ್ನು 'ಅಡ್ಮಿನ್ ಮಾತ್ರ ಮೆಸೇಜ್ ಮಾಡಬಹುದು' ಅನ್ನುವ ಸ್ಥಿತಿಗೆ ತನ್ನಿ. ಇನ್ನೊಬ್ಬ ಶಿಕ್ಷಕರನ್ನೂ ಅಡ್ಮಿನ್ ಮಾಡಿ. ನೀವು ಒಂದೆರಡು ದಿನ ಫೋನ್ ಮುಟ್ಟಲಾಗದ ಸ್ಥಿತಿಯಲ್ಲಿದ್ದರೂ ಹೋಮ್‌ವರ್ಕ್ ಮೆಸೇಜು ನಿಲ್ಲಬಾರದು, ಅಲ್ವಾ.

ಅವರಿಗಿಂತ ಮೊದಲು ನೀವೇ ಹೇಳಿ

ಎಲ್ಲಕ್ಕಿಂತ ಕಷ್ಟದ ಹೆಜ್ಜೆ ಇದು. ಎಲ್ಲಕ್ಕಿಂತ ಜಾಸ್ತಿ ಫಲ ಕೊಡುವುದೂ ಇದೇ.

ಮೊದಲು ಮನೆಯಲ್ಲಿ ಒಬ್ಬರಿಗೆ. ಗಂಡನಿಗೋ ಹೆಂಡತಿಗೋ ಹೇಳಲು ಧೈರ್ಯ ಸಾಲದಿದ್ದರೆ ಅಕ್ಕನಿಗೆ, ತಮ್ಮನಿಗೆ ಹೇಳಿ. ನೋಟ್‌ಬುಕ್ಕಿನ ಆ ಪುಟ ತೋರಿಸಿ ಪೂರ್ತಿ ಮೊತ್ತ ಹೇಳಿ. ಅರ್ಧ ಹೇಳಿ ಅರ್ಧ ಮುಚ್ಚಿಟ್ಟರೆ ಮುಚ್ಚಿಟ್ಟ ಅರ್ಧಕ್ಕೆ ಮತ್ತೆ ಆ್ಯಪ್ ಬಾಗಿಲಿಗೇ ಹೋಗಬೇಕಾಗುತ್ತದೆ.

ಆಮೇಲೆ ಮುಖ್ಯ ಶಿಕ್ಷಕರಿಗೆ, ಅಂದರೆ ಎಚ್‌ಎಂಗೆ. ಕಾರಿಡಾರಿನಲ್ಲಿ ನಿಂತು ಹೇಳಬೇಡಿ. ಶಾಲೆ ಬಿಟ್ಟ ಮೇಲೆ ಹತ್ತು ನಿಮಿಷ ಕೇಳಿ ಕೂತು ಹೇಳಿ. ಮಾತು ಹೀಗಿರಲಿ: 'ಮೇಡಂ, ನಾನು ಒಂದು ಲೋನ್ ಆ್ಯಪ್‌ನಲ್ಲಿ ಸಾಲ ತೆಗೆದಿದ್ದೆ. ಅವರು ನನ್ನ ಫೋನಿನ ನಂಬರುಗಳನ್ನು ಕದ್ದಿದ್ದಾರೆ. ನಿಮಗೋ ಪೋಷಕರಿಗೋ ಕೆಟ್ಟ ಮೆಸೇಜ್ ಬರಬಹುದು. ಪೊಲೀಸರಿಗೆ ದೂರು ಕೊಡುತ್ತಿದ್ದೇನೆ. ಶಾಲೆಯ ದುಡ್ಡಿಗೂ ಇದಕ್ಕೂ ಸಂಬಂಧ ಇಲ್ಲ.' ಕೊನೆಯ ವಾಕ್ಯ ಬಿಡಬೇಡಿ. ಕೇಳುವವರ ಮನಸ್ಸಿಗೆ ಮೊದಲು ಬರುವ ಅನುಮಾನವೇ ಅದು.

ಹಾಗೆ ಹೇಳಲು ಸಾಧ್ಯವಾಗಬೇಕಾದರೆ ಅದು ನಿಜವಾಗಿರಬೇಕು. ಪ್ರವಾಸಕ್ಕೆ ಮಕ್ಕಳು ತಂದುಕೊಟ್ಟ ಹಣ, ಪರೀಕ್ಷಾ ಶುಲ್ಕ, ಎಸ್‌ಡಿಎಂಸಿ ಖಾತೆಯ ಹಣ ಯಾವುದನ್ನೂ ಒಂದು ರಾತ್ರಿಯ ಮಟ್ಟಿಗೂ ಮುಟ್ಟಬೇಡಿ. 'ಸೋಮವಾರ ತುಂಬಿಬಿಡುತ್ತೇನೆ' ಅಂತ ಅನಿಸುವುದು ಸಹಜ. ಆದರೆ ಸಾಲ ಸಿವಿಲ್ ವಿಷಯ, ಇದು ಕ್ರಿಮಿನಲ್ ವಿಷಯ. ಇಂಥ ಹಣ ನಿಮ್ಮ ಕೈಯಲ್ಲಿ ಓಡಾಡುವ ಜವಾಬ್ದಾರಿ ಇದ್ದರೆ, ಸಾಲ ತೀರುವವರೆಗೆ ಅದನ್ನು ಬೇರೆಯವರಿಗೆ ವಹಿಸಿ ಅಂತ ನೀವೇ ಕೇಳಿಕೊಳ್ಳಿ.

ಪೋಷಕರಿಗೆ ಹೇಳಬೇಕಾ? ಮೆಸೇಜು ಇನ್ನೂ ಯಾರಿಗೂ ಹೋಗಿಲ್ಲ, ದೂರು ಕೊಟ್ಟಾಗಿದೆ ಅಂದರೆ ಕಾಯಬಹುದು. ಒಬ್ಬರಿಗೆ ಹೋಗಿದ್ದರೂ ಎಲ್ಲರಿಗೂ ಒಂದೇ ಸಲ ಹೇಳುವುದು ಒಳ್ಳೆಯದು. ಎಚ್‌ಎಂ ಹೆಸರಿನಲ್ಲಿ ಹೋದರೆ ಇನ್ನೂ ಒಳ್ಳೆಯದು. ಇಷ್ಟು ಸಾಕು: 'ಪೋಷಕರ ಗಮನಕ್ಕೆ. ನಮ್ಮ ಶಾಲೆಯ ಶಿಕ್ಷಕರೊಬ್ಬರ ಫೋನಿನಿಂದ ವಂಚಕರು ನಂಬರು ಮತ್ತು ಫೋಟೊ ಕದ್ದಿದ್ದಾರೆ. ಗೊತ್ತಿಲ್ಲದ ನಂಬರಿನಿಂದ ಕೆಟ್ಟ ಫೋಟೊ, ದುಡ್ಡಿನ ಬೇಡಿಕೆ ಬಂದರೆ ಉತ್ತರ ಕೊಡಬೇಡಿ, ಯಾರಿಗೂ ಕಳಿಸಬೇಡಿ. ಸ್ಕ್ರೀನ್‌ಶಾಟ್ ತೆಗೆದು ಶಾಲೆಗೆ ತಿಳಿಸಿ. ಪೊಲೀಸರಿಗೆ ದೂರು ಕೊಡಲಾಗಿದೆ.' ಸಾಲ ಎಷ್ಟು, ಯಾಕೆ ಅನ್ನುವುದನ್ನು ಗ್ರೂಪಿಗೆ ವಿವರಿಸುವ ಅಗತ್ಯ ಇಲ್ಲ. ಆ ಲೆಕ್ಕ ನಿಮ್ಮ ಮನೆಯದು.

ಕೆಲಸ ಹೋಗುತ್ತದೆ ಅನ್ನುವ ಭಯ ದೊಡ್ಡದು. ಸರ್ಕಾರಿ ನೌಕರರ ನಡತೆ ನಿಯಮಗಳು ಸದಾ ಸಾಲದಲ್ಲಿ ಮುಳುಗಿರಬಾರದು ಅನ್ನುತ್ತವೆ, ನಿಜ. ಆದರೆ ವಂಚಕರ ಕಾಟಕ್ಕೆ ಸಿಕ್ಕಿ ನೀವೇ ದೂರು ಕೊಟ್ಟಿದ್ದೀರಿ ಅನ್ನುವುದು ಬರಹದಲ್ಲಿ ಇದ್ದರೆ ನಿಮ್ಮ ಸ್ಥಿತಿ ಬಹಳ ಗಟ್ಟಿ. ರಾಜ್ಯ ಪಠ್ಯಕ್ರಮದ ಖಾಸಗಿ ಶಾಲೆಗಳ ವಿಷಯದಲ್ಲಿ 1983ರ ಕರ್ನಾಟಕ ಶಿಕ್ಷಣ ಕಾಯ್ದೆಯ 92ನೇ ಕಲಂ ಇದೆ. ವಿಚಾರಣೆ ನಡೆಸದೆ ನೌಕರರನ್ನು ವಜಾ ಮಾಡುವಂತಿಲ್ಲ. 'ನಾಳೆಯಿಂದ ಬರಬೇಡಿ' ಅಂದರೆ ರಾಜೀನಾಮೆ ಪತ್ರಕ್ಕೆ ಸಹಿ ಹಾಕಬೇಡಿ, ಮೊದಲು ವಕೀಲರನ್ನು ಕಾಣಿ.

ದೂರು ಎಲ್ಲಿ ಕೊಡಬೇಕು

ಬೆದರಿಕೆ, ತಿರುಚಿದ ಫೋಟೊ, ಸುಲಿಗೆ ಇದ್ದರೆ ಸೈಬರ್ ಅಪರಾಧ ಸಹಾಯವಾಣಿ 1930ಕ್ಕೆ ಫೋನ್ ಮಾಡಿ. ರಾಷ್ಟ್ರೀಯ ಸೈಬರ್ ಅಪರಾಧ ಪೋರ್ಟಲ್‌ನಲ್ಲಿ ಬರೆದು ಕೊಡಿ. ನಮ್ಮ ಜಿಲ್ಲೆಗಳಲ್ಲಿ ಇಂಥ ದೂರು ನೋಡಲು ಸಿಇಎನ್ (ಸೈಬರ್, ಆರ್ಥಿಕ, ಮಾದಕವಸ್ತು ಅಪರಾಧ) ಠಾಣೆಗಳಿವೆ. ಅದು ದೂರ ಆದರೆ ಹತ್ತಿರದ ಯಾವ ಠಾಣೆಯಲ್ಲಾದರೂ ದೂರು ಕೊಡಬಹುದು, 'ನಮ್ಮ ವ್ಯಾಪ್ತಿ ಅಲ್ಲ' ಅಂತ ವಾಪಸ್ ಕಳಿಸುವಂತಿಲ್ಲ. ಸುಲಿಗೆ, ಬೆದರಿಕೆ, ಮಾನಹಾನಿ ಮೂರೂ ಭಾರತೀಯ ನ್ಯಾಯ ಸಂಹಿತೆಯಲ್ಲಿ ಅಪರಾಧ. ಅಶ್ಲೀಲ ಚಿತ್ರ ಹರಡುವುದು ಐಟಿ ಕಾಯ್ದೆಯಲ್ಲೂ ಅಪರಾಧ. ಮಕ್ಕಳ ಫೋಟೊ ಬಳಸಿ ಅಶ್ಲೀಲ ಮಾಡಿದ್ದರೆ ಪೋಕ್ಸೊ ಕಾಯ್ದೆಯೂ ಬರುತ್ತದೆ. ಅದನ್ನು ದೂರಿನ ಮೊದಲ ಸಾಲಿನಲ್ಲೇ ಬರೆಯಿರಿ.

ನೋಂದಣಿ ಇಲ್ಲದ ಆ್ಯಪ್ ಬಗ್ಗೆ ರಿಸರ್ವ್ ಬ್ಯಾಂಕಿನ 'ಸಚೇತ್' ಪೋರ್ಟಲ್‌ನಲ್ಲೂ ತಿಳಿಸಿ. ನೋಂದಣಿ ಇರುವ ಸಂಸ್ಥೆಯವರೇ ಕಾಟ ಕೊಟ್ಟರೆ ದಾರಿ ಬೇರೆ. ಮೊದಲು ಆ ಸಂಸ್ಥೆಗೆ ಬರೆದು ದೂರು ಕೊಡಿ. 30 ದಿನದಲ್ಲಿ ಸರಿಯಾದ ಉತ್ತರ ಬರದಿದ್ದರೆ ರಿಸರ್ವ್ ಬ್ಯಾಂಕಿನ ಒಂಬುಡ್ಸ್‌ಮನ್‌ಗೆ (ಗ್ರಾಹಕರ ದೂರು ತೀರ್ಮಾನಿಸುವ ಅಧಿಕಾರಿ) ಅದರ ಸಿಎಂಎಸ್ ದೂರು ಪೋರ್ಟಲ್ ಮೂಲಕ ಹೋಗಿ. ಖರ್ಚಿಲ್ಲ. ಮಾಹಿತಿಗೆ 14448.

ವಸೂಲಿಯವರಿಗೂ ನಿಯಮ ಇದೆ ಅನ್ನುವುದು ಎಷ್ಟೋ ಜನಕ್ಕೆ ಗೊತ್ತಿಲ್ಲ. ಬ್ಯಾಂಕು, ಎನ್‌ಬಿಎಫ್‌ಸಿಗಳ ವಸೂಲಿಯವರು ಬೆಳಿಗ್ಗೆ 8ಕ್ಕೆ ಮೊದಲು, ಸಂಜೆ 7ರ ನಂತರ ಫೋನ್ ಮಾಡುವಂತಿಲ್ಲ ಅಂತ 2022ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕ್ ಸ್ಪಷ್ಟವಾಗಿ ಹೇಳಿದೆ. ನಾಲ್ಕು ಜನರ ಮುಂದೆ ಅವಮಾನ ಮಾಡುವುದು, ಮನೆಯವರಿಗೆ, ಸ್ನೇಹಿತರಿಗೆ ತೊಂದರೆ ಕೊಡುವುದು, ಕೆಟ್ಟ ಮೆಸೇಜ್ ಕಳಿಸುವುದು ಎಲ್ಲ ನಿಷಿದ್ಧ. ಸಾಲದ ಆ್ಯಪ್ ನಿಮ್ಮ ಕಾಂಟ್ಯಾಕ್ಟ್ ಪಟ್ಟಿ ಮುಟ್ಟುವುದೇ ನಿಯಮಕ್ಕೆ ವಿರುದ್ಧ. ನೀವು 'ಅಲೋ' ಒತ್ತಿದ್ದೀರಿ ಅಂತ ಅದು ಸರಿಯಾಗುವುದಿಲ್ಲ.

ನಮ್ಮ ರಾಜ್ಯದಲ್ಲಿ 2025ರ ಫೆಬ್ರುವರಿಯಲ್ಲಿ ಮೈಕ್ರೊ ಸಾಲ, ಸಣ್ಣ ಸಾಲಗಳ ಬಲವಂತದ ವಸೂಲಿ ತಡೆಯಲು ಸುಗ್ರೀವಾಜ್ಞೆ ಬಂತು, ಆಮೇಲೆ ಅದು ಕಾಯ್ದೆಯಾಯಿತು. ನೋಂದಣಿ ಇಲ್ಲದೆ ಸಾಲ ಕೊಟ್ಟು ಹಿಂಸಿಸುವವರಿಗೆ 10 ವರ್ಷದವರೆಗೆ ಜೈಲು, 5 ಲಕ್ಷ ರೂಪಾಯಿವರೆಗೆ ದಂಡ. ಊರಿನ ಬಡ್ಡಿ ವ್ಯವಹಾರದವರಿಂದಲೂ ಸಾಲ ತೆಗೆದಿದ್ದರೆ ಠಾಣೆಯಲ್ಲಿ ಈ ಕಾನೂನಿನ ಹೆಸರು ಹೇಳಿ.

'ನಾಳೆ ಪೊಲೀಸ್ ಶಾಲೆಗೇ ಬರುತ್ತಾರೆ, ಅರೆಸ್ಟ್ ಮಾಡುತ್ತಾರೆ' ಅಂತ ಹೆದರಿಸುತ್ತಾರೆ. ಸಾಲ ಕಟ್ಟಲಿಲ್ಲ ಅನ್ನುವ ಒಂದೇ ಕಾರಣಕ್ಕೆ ಯಾರನ್ನೂ ಬಂಧಿಸುವುದಿಲ್ಲ. ಚೆಕ್ ಕೊಟ್ಟು ಬೌನ್ಸ್ ಆಗಿದ್ದರೆ, ಬ್ಯಾಂಕಿನ ಆಟೊ ಕಡಿತ ವಾಪಸಾಗಿದ್ದರೆ ಕೇಸು ಹಾಕಲು ಅವಕಾಶ ಇದೆ. ಅದಕ್ಕೂ ಮೊದಲು ನೋಟಿಸ್ ಬರುತ್ತದೆ. ಆ ನೋಟಿಸನ್ನು ಮಾತ್ರ ಡ್ರಾಯರಿನಲ್ಲಿ ಹಾಕಿಡಬೇಡಿ. ಇನ್ನು ಸಂಬಳ ಪೂರ್ತಿ ಜಪ್ತಿ ಮಾಡಿಸುತ್ತೇವೆ ಅನ್ನುವುದು ಸುಳ್ಳು. ಸಾಲ ಕಟ್ಟಿ ಅಂತ ಕೋರ್ಟ್ ಡಿಕ್ರಿ (ತೀರ್ಪಿನ ಆದೇಶ) ಆದ ಮೇಲೂ ಸಂಬಳದ ಮೊದಲ 1,000 ರೂಪಾಯಿ ಮತ್ತು ಉಳಿದದ್ದರ ಮೂರರಲ್ಲಿ ಎರಡು ಪಾಲು ಮುಟ್ಟುವಂತಿಲ್ಲ ಅಂತ ಸಿವಿಲ್ ಪ್ರಕ್ರಿಯಾ ಸಂಹಿತೆಯ 60ನೇ ಕಲಂ ಹೇಳುತ್ತದೆ. 31,000 ಸಂಬಳದಲ್ಲಿ 21,000 ನಿಮ್ಮದೇ.

ವಕೀಲರಿಗೆ ದುಡ್ಡಿಲ್ಲವಾ? ತಾಲ್ಲೂಕು ಕೋರ್ಟ್ ಆವರಣದಲ್ಲೇ ಕಾನೂನು ಸೇವಾ ಸಮಿತಿ ಇರುತ್ತದೆ. ಮಹಿಳೆಯರಿಗೆ, ಪರಿಶಿಷ್ಟ ಜಾತಿ, ಪಂಗಡದವರಿಗೆ ಆದಾಯ ಎಷ್ಟೇ ಇರಲಿ, ಉಚಿತ ವಕೀಲರು ಸಿಗುತ್ತಾರೆ. ಸಹಾಯವಾಣಿ 15100.

ಮಕ್ಕಳ ಮುಂದೆ

ಮಕ್ಕಳಿಗೆ ಏನೂ ಗೊತ್ತಾಗುವುದಿಲ್ಲ ಅಂತ ನಾವು ಅಂದುಕೊಳ್ಳುತ್ತೇವೆ. ಮಿಸ್ ಇವತ್ತು ಬೋರ್ಡಿನ ಕಡೆಯೇ ತಿರುಗಿ ನಿಂತಿದ್ದಾರೆ, ಫೋನ್ ನಡುಗಿದಾಗಲೆಲ್ಲ ಬೆಚ್ಚುತ್ತಾರೆ, ವಾರದಿಂದ ಕಾಪಿ ತಿದ್ದಿಲ್ಲ, ಸುಮ್ನೆ ಸುಮ್ನೆ ರೇಗುತ್ತಾರೆ, ಇದೆಲ್ಲ ಅವರ ಕಣ್ಣಿಗೆ ಬೀಳುತ್ತದೆ. ಕಾರಣ ಗೊತ್ತಿಲ್ಲದ ಮಗು ತಪ್ಪು ತನ್ನದೇ ಅಂದುಕೊಳ್ಳುತ್ತದೆ. ವಸೂಲಿಯವರ ಹೆದರಿಕೆ ಮೂರನೇ ಬೆಂಚಿನ ಹುಡುಗನ ಮೇಲೆ ಸಿಟ್ಟಾಗಿ ಇಳಿಯುವುದನ್ನು ತಡೆಯಲೇಬೇಕು.

ಅದಕ್ಕೆ ಫೋನನ್ನು ತರಗತಿಗೆ ಒಯ್ಯುವುದು ಬಿಡಿ. ಸ್ವಿಚ್ ಆಫ್ ಮಾಡಿ ಬೀರುವಿನಲ್ಲಿಡಿ. ಮನೆಯಲ್ಲಿ ತುರ್ತು ಇದ್ದರೆ ಆಫೀಸಿನ ನಂಬರ್ ಕೊಟ್ಟಿರಿ. ರಾತ್ರಿ ನಿದ್ದೆ ಇಲ್ಲದೆ ಬಂದ ದಿನ ಹೊಸ ಪಾಠ ಶುರು ಮಾಡಬೇಡಿ. ಮಕ್ಕಳಿಂದ ಓದಿಸಿ, ಕಾಪಿ ಬರೆಸಿ, ಹಳೆಯ ಲೆಕ್ಕ ಮಾಡಿಸಿ. ಮೊದಲ ಪಿರಿಯಡ್ ಯಾರಾದರೂ ಬದಲಾಯಿಸಿಕೊಳ್ಳುತ್ತಾರಾ ಕೇಳಿ. ರೇಗಿಬಿಟ್ಟರೆ ಆ ಮಗುವನ್ನು ಅದೇ ದಿನ ಕರೆದು, 'ನಂಗೆ ಇವತ್ತು ಮನಸ್ಸು ಸರಿ ಇರಲಿಲ್ಲ ಕಣೋ, ನಿನ್ನ ತಪ್ಪಲ್ಲ' ಅಂತ ಹೇಳಿ. ಮನೆಗೆ ಹೋಗುವ ಮೊದಲು ಹೇಳಿ.

ತಿರುಚಿದ ಫೋಟೊ ಮಕ್ಕಳ ಕಣ್ಣಿಗೂ ಬೀಳಬಹುದು, ಮನೆಯಲ್ಲಿ ಇರುವುದು ಒಂದೇ ಫೋನ್. ಎಂಟು, ಒಂಬತ್ತನೇ ತರಗತಿಯ ಹುಡುಗಿಯೊಬ್ಬಳು ಹಿಂಜರಿಯುತ್ತಾ ಬಂದು 'ಮಿಸ್, ಅಮ್ಮನ ಫೋನಿಗೆ ನಿಮ್ಮದು ಏನೋ ಬಂದಿದೆ' ಅಂದರೆ ಏನು ಹೇಳುತ್ತೀರಿ? ಮೊದಲೇ ಯೋಚಿಸಿಟ್ಟುಕೊಳ್ಳಿ, ಆ ಕ್ಷಣದಲ್ಲಿ ಮಾತು ಹೊರಡುವುದಿಲ್ಲ. 'ಅದು ನನ್ನ ಫೋಟೊ ಅಲ್ಲ, ಯಾರೋ ಕೆಟ್ಟವರು ಮಾಡಿದ್ದು. ಪೊಲೀಸರಿಗೆ ಹೇಳಿದ್ದೇನೆ. ನೀನು ಬಂದು ಹೇಳಿದ್ದು ಒಳ್ಳೆಯದಾಯ್ತು. ಅಮ್ಮನಿಗೆ ಹೇಳಿ ಶಾಲೆಗೆ ತಿಳಿಸಿ ಆಮೇಲೆ ಅಳಿಸಿಬಿಡಿ, ಯಾರಿಗೂ ಕಳಿಸಬೇಡ.' ಇಷ್ಟೇ. ಸಾಲದ ಭಾರವನ್ನು ಮಗುವಿನ ತಲೆಗೆ ಹಾಕಬೇಡಿ, ಸುಳ್ಳನ್ನೂ ಹೇಳಬೇಡಿ. ತರಗತಿಯಲ್ಲಿ ಗುಸುಗುಸು ಇದ್ದರೆ ನಿಮ್ಮ ಬದಲು ಎಚ್‌ಎಂ ಬಂದು ಎರಡು ಮಾತು ಹೇಳುವುದು ಒಳ್ಳೆಯದು. ನಿಮ್ಮ ಸ್ವಂತ ಮಗು ಅದೇ ಶಾಲೆಯಲ್ಲಿ ಓದುತ್ತಿದ್ದರೆ ಅದಕ್ಕೆ ಎಲ್ಲರಿಗಿಂತ ಮೊದಲು, ಮನೆಯಲ್ಲೇ ಹೇಳಿ.

ಇನ್ನೆರಡು ವಿಷಯ ಕಟ್ಟುನಿಟ್ಟಾಗಿ ಹೇಳುತ್ತೇನೆ. ವಿದ್ಯಾರ್ಥಿಗಳ ಪೋಷಕರ ಹತ್ತಿರ ಸಾಲ ಕೇಳಬೇಡಿ. ಪ್ರೀತಿಯಿಂದ ಕೊಡುವವರು ಇರುತ್ತಾರೆ, ಗೊತ್ತು. ಆದರೆ ಆಮೇಲೆ ಅವರ ಮಗನ ಉತ್ತರ ಪತ್ರಿಕೆ ತಿದ್ದುವಾಗ ನಿಮ್ಮ ಪೆನ್ನು ಹಗುರವಾಗಿರುವುದಿಲ್ಲ. ಇನ್ನೊಂದು, ದುಡ್ಡಿಗಾಗಿ ನಿಮ್ಮ ತರಗತಿಯ ಮಕ್ಕಳನ್ನೇ ಟ್ಯೂಷನ್‌ಗೆ ಎಳೆಯಬೇಡಿ. 2009ರ ಶಿಕ್ಷಣ ಹಕ್ಕು ಕಾಯ್ದೆಯ 28ನೇ ಕಲಂ ಶಿಕ್ಷಕರು ಖಾಸಗಿ ಟ್ಯೂಷನ್ ಮಾಡುವುದನ್ನು ನಿಷೇಧಿಸಿದೆ. ಕಾನೂನು ಬಿಡಿ, ಫೀಸು ಕೊಟ್ಟ ಮಗು, ಕೊಡದ ಮಗು ಅಂತ ತರಗತಿ ಎರಡಾಗುತ್ತದೆ.

ತೀರಿಸುವ ಹಣ ಎಲ್ಲಿಂದ

ಚಿಲ್ಲರೆ ಚಿಲ್ಲರೆ ಸಾಲಗಳನ್ನೆಲ್ಲ ಒಂದೇ, ಕಡಿಮೆ ಬಡ್ಡಿಯ ಸಾಲಕ್ಕೆ ಬದಲಾಯಿಸುವುದು ಇಲ್ಲಿ ಗುರಿ. ಸರ್ಕಾರಿ ಶಿಕ್ಷಕರು ಮೊದಲು ಕೆಜಿಐಡಿ (ರಾಜ್ಯ ಸರ್ಕಾರಿ ನೌಕರರ ವಿಮೆ) ಪಾಲಿಸಿಯ ಮೇಲೆ ಸಾಲ ಎಷ್ಟು ಸಿಗುತ್ತದೆ ನೋಡಬೇಕು. ಶಿಕ್ಷಕರ ಪತ್ತಿನ ಸಹಕಾರ ಸಂಘದಲ್ಲಿ ಸದಸ್ಯರಾಗಿದ್ದರೆ ಅಲ್ಲಿ ಕೇಳಿ. ಖಾಸಗಿ ಶಾಲೆಯಲ್ಲಿ ಪಿಎಫ್ ಕಟ್ಟುತ್ತಿದ್ದರೆ ಸ್ವಲ್ಪ ಭಾಗ ತೆಗೆಯಲು ಅವಕಾಶ ಇದೆ. ಅತಿಥಿ ಶಿಕ್ಷಕರಿಗೆ ಇವು ಯಾವುವೂ ಇಲ್ಲ. ಅವರಿಗೆ ಉಳಿಯುವುದು ಬ್ಯಾಂಕಿನಲ್ಲೋ ಸೊಸೈಟಿಯಲ್ಲೋ ಚಿನ್ನದ ಸಾಲ. ಒಡವೆ ಬ್ಯಾಂಕಿಗೆ ಹೋಗುವುದು ಮನಸ್ಸಿಗೆ ಕಷ್ಟ. ಆದರೆ ಅದರ ಬಡ್ಡಿ ವರ್ಷದ ಲೆಕ್ಕದ್ದು, ಆ್ಯಪ್‌ನದು ವಾರದ ಲೆಕ್ಕದ್ದು.

ಹಾಗೆ ತಂದ ಹಣ ನೋಂದಣಿ ಇರುವ ಸಂಸ್ಥೆಗಳ ಸಾಲಕ್ಕೆ ಹೋಗಲಿ, ಬಡ್ಡಿ ಜಾಸ್ತಿ ಇರುವುದಕ್ಕೆ ಮೊದಲು. ಪೂರ್ತಿ ಕಟ್ಟಿದರೆ 'ಕ್ಲೋಸ್ಡ್', ಕಡಿಮೆಗೆ ರಾಜಿ ಮಾಡಿಕೊಂಡರೆ 'ಸೆಟಲ್ಡ್' ಅಂತ ಕ್ರೆಡಿಟ್ ವರದಿಯಲ್ಲಿ ಬರುತ್ತದೆ. 'ಸೆಟಲ್ಡ್' ಇದ್ದರೆ ಮುಂದೆ ಮನೆ ಸಾಲಕ್ಕೆ ತೊಂದರೆ. ಆಗುವುದಾದರೆ ಪೂರ್ತಿ ಕಟ್ಟಿ, ನೋ ಡ್ಯೂ ಪತ್ರ ಕೇಳಿ ಇಟ್ಟುಕೊಳ್ಳಿ. ಸಿಬಿಲ್ ಸೇರಿ ನಾಲ್ಕು ಕ್ರೆಡಿಟ್ ಸಂಸ್ಥೆಗಳಿವೆ. ಪ್ರತಿಯೊಂದೂ ವರ್ಷಕ್ಕೆ ಒಂದು ಪೂರ್ತಿ ವರದಿ ಉಚಿತವಾಗಿ ಕೊಡಬೇಕು. ನೀವು ತೆಗೆಯದ ಸಾಲ ನಿಮ್ಮ ಹೆಸರಲ್ಲಿ ಕಂಡರೆ ದೂರು ಕೊಡಿ. 30 ದಿನದಲ್ಲಿ ಸರಿಮಾಡದಿದ್ದರೆ ಆಮೇಲಿನ ಪ್ರತಿ ದಿನಕ್ಕೆ 100 ರೂಪಾಯಿ ಪರಿಹಾರ ನಿಮಗೆ ಸಲ್ಲಬೇಕು.

ಪಕ್ಕದ ಕುರ್ಚಿಯವರಿಗೆ

ಯಾವಾಗಲೂ ನಗುತ್ತಿದ್ದವರು ಸ್ಟಾಫ್ ರೂಮಿನಲ್ಲಿ ಊಟಕ್ಕೆ ಕೂರುತ್ತಿಲ್ಲ. ಫೋನ್ ಬಂದರೆ ಹೊರಗೆ ಓಡುತ್ತಾರೆ. ಐನೂರು, ಸಾವಿರ ಅಂತ ಎಲ್ಲರ ಹತ್ತಿರ ಕೇಳುತ್ತಿದ್ದಾರೆ. ಆಗ 'ಏನ್ ಸಮಾಚಾರ' ಅಂತ ಎಲ್ಲರ ಮುಂದೆ ಕೇಳಬೇಡಿ. ಬಸ್ ಸ್ಟಾಪಿನವರೆಗೆ ಜೊತೆಯಲ್ಲಿ ನಡೆಯಿರಿ. 'ಮೇಡಂ, ಯಾರಾದರೂ ಫೋನ್ ಮಾಡಿ ಕಾಟ ಕೊಡ್ತಿದ್ದಾರಾ?' ಅಂತ ನೇರವಾಗಿ ಕೇಳಿ. ಹೇಳಿದರೆ ಲೆಕ್ಚರ್ ಕೊಡದೆ ಠಾಣೆಗೆ ಜೊತೆಗೆ ಹೋಗಿ. ಒಬ್ಬಂಟಿಯಾಗಿ ಹೋದ ಹೆಣ್ಣುಮಗಳಿಗೆ ತಿರುಚಿದ ಫೋಟೊ ತೋರಿಸಿ ದೂರು ಬರೆಸುವುದು ಎಷ್ಟು ಕಷ್ಟ ಅಂತ ಯೋಚಿಸಿ.

'ನಾನೇ ಇಲ್ಲದಿದ್ದರೆ ಎಲ್ಲ ಸರಿಹೋಗುತ್ತೆ' ಅನ್ನುವಂಥ ಮಾತು ಬಂದರೆ ಅವರನ್ನು ಒಬ್ಬರೇ ಬಿಡಬೇಡಿ. ಮನೆಯವರನ್ನು ಕರೆಸಿ. ಟೆಲಿ ಮಾನಸ್ ಸಹಾಯವಾಣಿ 14416 ಹಗಲು ರಾತ್ರಿ ಸಿಗುತ್ತದೆ, ಕನ್ನಡದಲ್ಲೇ ಮಾತಾಡಬಹುದು, ಹಣ ಕೊಡಬೇಕಿಲ್ಲ. ಜೀವಕ್ಕೇ ಅಪಾಯ ಅನಿಸಿದರೆ 112. ಇದನ್ನು ಓದುತ್ತಿರುವ ನಿಮಗೇ ಹಾಗೆ ಅನಿಸುತ್ತಿದ್ದರೆ ಈ ಬರಹದ ಉಳಿದ ಎಲ್ಲ ಹೆಜ್ಜೆಗಳನ್ನೂ ನಾಳೆಗೆ ಬಿಡಿ. ಈಗಲೇ 14416ಕ್ಕೆ ಫೋನ್ ಮಾಡಿ. ಪಕ್ಕದಲ್ಲಿ ಯಾರಾದರೂ ಇದ್ದರೆ ಅವರ ಕೈಗೆ ಈ ಪುಟ ಕೊಡಿ.

ಮುಖ್ಯ ಶಿಕ್ಷಕರಲ್ಲಿ ಒಂದು ಕೋರಿಕೆ. ಶಾಲೆಗೆ ಒಂದು ಬೇರೆ ಸಿಮ್, ಒಂದು ಸಾಧಾರಣ ಫೋನ್ ತೆಗೆಸಿ. ಪೋಷಕರ ನಂಬರು, ಕ್ಲಾಸ್ ಗ್ರೂಪು, ಮಕ್ಕಳ ಫೋಟೊ ಎಲ್ಲ ಅದರಲ್ಲಿರಲಿ, ಶಿಕ್ಷಕರ ಸ್ವಂತ ಫೋನಿನಲ್ಲಿ ಬೇಡ. ಜೂನ್‌ನ ಮೊದಲ ಸಭೆಯಲ್ಲೇ ಇದನ್ನು ತೀರ್ಮಾನಿಸಿ. ಅದೇ ಸಭೆಯಲ್ಲಿ 1930, 14416, 15100 ಈ ಮೂರು ನಂಬರನ್ನು ಬರೆದು ಸ್ಟಾಫ್ ರೂಮಿನ ನೋಟಿಸ್ ಬೋರ್ಡಿಗೆ ಹಚ್ಚಿ. ಇಂಥ ತೊಂದರೆ ಬಂದರೆ ಮೊದಲು ನನ್ನ ಹತ್ತಿರ ಬನ್ನಿ, ನಿಮ್ಮ ಕೆಲಸಕ್ಕೆ ಏನೂ ಆಗುವುದಿಲ್ಲ ಅಂತ ನಿಮ್ಮ ಬಾಯಿಂದಲೇ ಹೇಳಿ.